ಮಾರಿ ತೊರೋಚಿಕ್: ಹಂಗೇರಿಯ ರಂಗಭೂಮಿಯಲ್ಲೂ ತೆರೆಯ ಮೇಲೂ ಒಂದು ಜೀವನ

ಹಂಗೇರಿಯನ್ ಭಾಷೆಯ ಹೆಸರು ಕನ್ನಡದ ವಿದ್ಯಾರ್ಥಿಗಳ ಕಿವಿಗೆ ಮೊದಲು ಬೀಳುವುದು ಸಾಮಾನ್ಯವಾಗಿ ಭಾಷಾವಿಜ್ಞಾನದ ತರಗತಿಯಲ್ಲಿ. 1856ರಲ್ಲಿ ಪ್ರಕಟವಾದ ತನ್ನ ತೌಲನಿಕ ವ್ಯಾಕರಣದಲ್ಲಿ ರಾಬರ್ಟ್ ಕಾಲ್ಡ್‌ವೆಲ್ಲನು ದ್ರಾವಿಡ ಭಾಷೆಗಳನ್ನು ತಾನು ‘ಸಿಥಿಯನ್’ ಎಂದು ಕರೆದ ಒಂದು ದೊಡ್ಡ ಗುಂಪಿನೊಡನೆ ಹೋಲಿಸಿ ನೋಡಿದನು. ಫಿನ್ನಿಷ್, ತುರ್ಕಿ ಮುಂತಾದವುಗಳ ಜೊತೆಗೆ ಹಂಗೇರಿಯನ್ನಿಗೂ ಆ ಗುಂಪಿನಲ್ಲಿ ಎಡೆಯಿತ್ತು. ಈ ಬಾಂಧವ್ಯವನ್ನು ಇಂದಿನ ಭಾಷಾಶಾಸ್ತ್ರ ಒಪ್ಪುವುದಿಲ್ಲ. ಆದರೂ ಪ್ರಕೃತಿಯ ಬೆನ್ನಿಗೆ ಪ್ರತ್ಯಯಗಳನ್ನು ಒಂದರ ಮೇಲೊಂದು ಹತ್ತಿಸಿಕೊಂಡು ಹೋಗುವ ಆ ಭಾಷೆಯ ರಚನೆಯನ್ನು ಕಂಡಾಗ ಕನ್ನಡಿಗನಿಗೆ ಅದು ತೀರ ಅಪರಿಚಿತವೆನಿಸುವುದಿಲ್ಲ. ಮನೆತನದ ಹೆಸರನ್ನು ಮೊದಲಿಟ್ಟು ವ್ಯಕ್ತಿಯ ಹೆಸರನ್ನು ಅನಂತರ ಹೇಳುವ ಪದ್ಧತಿಯೂ ಅಲ್ಲಿದೆ. ಪ್ರಸ್ತುತ ಲೇಖನದ ನಾಯಕಿ ತನ್ನ ನಾಡಿನಲ್ಲಿ ತೊರೋಚಿಕ್ ಮಾರಿ; ಹೊರಗಿನವರಿಗೆ ಮಾರಿ ತೊರೋಚಿಕ್. ಯುರೋಪಿನ ನಡುವಿನಲ್ಲಿದ್ದೂ ಸುತ್ತಲಿನ ಜರ್ಮನ್, ಸ್ಲಾವ್, ರುಮೇನಿಯನ್ ಭಾಷೆಗಳಲ್ಲಿ ಯಾವುದರೊಡನೆಯೂ ನಂಟಿಲ್ಲದ ನುಡಿಯೊಂದರಲ್ಲಿ ಮಾತಾಡಿ, ಆ ನುಡಿಯನ್ನು ಅರಿಯದ ಪ್ರೇಕ್ಷಕರನ್ನೂ ಗೆದ್ದುಕೊಂಡ ಕಲಾವಿದೆ ಅವರು.

ತೊರೋಚಿಕ್ ಜನಿಸಿದ್ದು 1935ರ ನವೆಂಬರ್ 23ರಂದು, ಹೆವೆಶ್ ಜಿಲ್ಲೆಯ ಪೇಯ್ ಎಂಬ ಹಳ್ಳಿಯಲ್ಲಿ. 1954ರಲ್ಲಿ ಬುಡಾಪೆಸ್ಟಿನ ನಾಟಕ ಮತ್ತು ಚಲನಚಿತ್ರ ಕಲೆಗಳ ಮಹಾವಿದ್ಯಾಲಯವನ್ನು ಸೇರಿದರು. ವಿದ್ಯಾಭ್ಯಾಸ ಮುಗಿಯುವ ಮೊದಲೇ, ಇನ್ನೂ ಇಪ್ಪತ್ತರ ಆಸುಪಾಸಿನಲ್ಲಿದ್ದಾಗ, ನಿರ್ದೇಶಕ ಜೋಲ್ತಾನ್ ಫಾಬ್ರಿ ಅವರನ್ನು ತಮ್ಮ ‘ಕೊರ್‌ಹಿಂತ’ ಎಂಬ ಚಿತ್ರದ ನಾಯಕಿಯಾಗಿ ಆರಿಸಿಕೊಂಡರು. ಇಮ್ರೆ ಶರ್ಕದಿ ಎಂಬ ಲೇಖಕನ ಸಣ್ಣಕಥೆಯೊಂದು ಈ ಚಿತ್ರಕ್ಕೆ ಆಧಾರ. ಜಾತ್ರೆಗಳಲ್ಲಿ ಮಕ್ಕಳನ್ನೂ ಹರೆಯದವರನ್ನೂ ಕೂರಿಸಿಕೊಂಡು ಗಿರ್ರನೆ ಸುತ್ತುವ ಉಯ್ಯಾಲೆಯನ್ನು ಆ ಹೆಸರು ಸೂಚಿಸುತ್ತದೆ.

ಚಿತ್ರದ ಕಥೆ ಸರಳವಾದುದು. ತಂದೆ ಸಹಕಾರಿ ಕೃಷಿ ಸಂಘವನ್ನು ಬಿಟ್ಟು ಹೊರಬಂದ ರೈತ. ತನ್ನ ಹೊಲಕ್ಕೆ ಮತ್ತೊಂದು ಹೊಲವನ್ನು ಕೂಡಿಸಬಲ್ಲ ವರನಿಗೆ ಮಗಳನ್ನು ಕೊಡಬೇಕೆಂದು ಹಟ ಹಿಡಿದಿದ್ದಾನೆ. ಮಗಳು ಮೆಚ್ಚಿರುವುದು ಸಂಘದಲ್ಲೇ ಉಳಿದಿರುವ ಮಾತೇ ಎಂಬ ತರುಣನನ್ನು. ನೆಲಕ್ಕಾಗಿ ಹೆಣ್ಣನ್ನು ಕೊಡುವ ಈ ಲೆಕ್ಕಾಚಾರ ನಮ್ಮ ಓದುಗರಿಗೂ ಹೊಸದಲ್ಲ. ಅಂದಿನ ಸರಕಾರದ ನೀತಿಗೆ ಒಪ್ಪುವಂತೆ ಸಂಘದ ಪಕ್ಷವೇ ಇಲ್ಲಿ ನ್ಯಾಯದ ಪಕ್ಷವಾಗಿದೆ. ಆ ಮಟ್ಟಿಗೆ ಕಥೆಗೆ ತನ್ನ ಕಾಲದ ಮುದ್ರೆ ಬಿದ್ದಿದೆ. ಆದರೆ ಚಿತ್ರವನ್ನು ಉಳಿಸಿದ್ದು ಆ ವಾದವಲ್ಲ. ಜಾತ್ರೆಯ ಉಯ್ಯಾಲೆಯಲ್ಲಿ ಇಬ್ಬರೂ ಗಾಳಿಯಲ್ಲಿ ತೇಲುತ್ತ ಸುತ್ತುವ ದೃಶ್ಯ, ಮುಂದೆ ಒಂದು ಮದುವೆಮನೆಯಲ್ಲಿ ಎಲ್ಲರ ಕಣ್ಣೆದುರಿಗೇ ಮಾತೇ ಆಕೆಯನ್ನು ಕುಣಿತಕ್ಕೆ ಎಳೆದೊಯ್ದು ಬಿಡದೆ ಸುತ್ತಿಸುವ ದೃಶ್ಯ – ಇವೆರಡರಲ್ಲಿ ಕ್ಯಾಮರಾ ಕೂಡ ಅವರೊಡನೆ ಸುತ್ತುತ್ತದೆ. ಎರಡನೆಯ ದೃಶ್ಯದಲ್ಲಿ ನಾಯಕಿಯ ಮುಖದ ಮೇಲೆ ಭಯ, ನಾಚಿಕೆ, ಹಿಗ್ಗು ಒಂದರೊಳಗೊಂದು ಕಲಸಿಹೋಗುವುದನ್ನು ನೋಡಬೇಕು. ಅದು ರಂಗಶಿಕ್ಷಣದಿಂದ ಬಂದ ಅಭಿನಯವೋ, ಹಳ್ಳಿಯಲ್ಲಿ ಬೆಳೆದ ಹುಡುಗಿಯ ನೆನಪೋ ಎಂದು ಬೇರ್ಪಡಿಸಿ ಹೇಳುವುದು ಕಷ್ಟ.

ಈ ಚಿತ್ರ 1956ರ ಕಾನ್ ಚಲನಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಸತ್ಯಜಿತ್ ರಾಯ್ ಅವರ ‘ಪಥೇರ್ ಪಾಂಚಾಲಿ’ ಅತ್ಯುತ್ತಮ ಮಾನವೀಯ ದಾಖಲೆ ಎಂಬ ಪುರಸ್ಕಾರ ಪಡೆದದ್ದೂ ಅದೇ ವರ್ಷ, ಅದೇ ಉತ್ಸವದಲ್ಲಿ. ಎರಡು ದೂರದ ನಾಡುಗಳ ಹಳ್ಳಿಗಳು ಒಂದೇ ಋತುವಿನಲ್ಲಿ ಪಶ್ಚಿಮ ಯುರೋಪಿನ ತೆರೆಯನ್ನೇರಿದವು. ಆಗಿನ್ನೂ ವಿಮರ್ಶಕರಾಗಿದ್ದ ಫ್ರಾನ್ಸ್ವಾ ತ್ರೂಫೋ ಹಂಗೇರಿಯ ಚಿತ್ರವನ್ನು ಬಹಳವಾಗಿ ಮೆಚ್ಚಿಕೊಂಡರು. ಬಹುಮಾನ ಮಾತ್ರ ಅದಕ್ಕೆ ಬರಲಿಲ್ಲ. ಆ ವರ್ಷದ ಉನ್ನತ ಪ್ರಶಸ್ತಿ ಸಮುದ್ರದಾಳವನ್ನು ಕುರಿತ ಕುಸ್ತೋ ಮತ್ತು ಲೂಯಿ ಮಾಲ್ ಅವರ ಚಿತ್ರಕ್ಕೆ ಹೋಯಿತು.

ಅದೇ ವರ್ಷದ ಅಕ್ಟೋಬರಿನಲ್ಲಿ ಬುಡಾಪೆಸ್ಟಿನಲ್ಲಿ ದಂಗೆಯೆದ್ದಿತು. ನವೆಂಬರಿನಲ್ಲಿ ಸೋವಿಯತ್ ಸೇನೆ ಅದನ್ನು ಅಡಗಿಸಿತು. ಹಲವು ಕಲಾವಿದರು ದೇಶ ಬಿಟ್ಟರು, ಕೆಲವರು ಸೆರೆಮನೆ ಕಂಡರು. ಕೊರ್‌ಹಿಂತದಲ್ಲಿ ಮಾತೇಯ ಪಾತ್ರ ವಹಿಸಿದ್ದ ಇಮ್ರೆ ಶೋಶ್, ರೈತಕುಟುಂಬದಿಂದ ಬಂದ ಅಸಾಧಾರಣ ಪ್ರತಿಭೆಯ ನಟ, 1957ರ ಜೂನಿನಲ್ಲಿ ತನ್ನ 27ನೆಯ ವಯಸ್ಸಿನಲ್ಲಿ ಪತ್ನಿಯೊಡನೆ ಮನೆಯಲ್ಲಿ ಸತ್ತುಬಿದ್ದಿದ್ದನು. ಗಾಳಿಯಲ್ಲಿ ಒಟ್ಟಿಗೆ ಸುತ್ತಿದ ಇಬ್ಬರಲ್ಲಿ ಒಬ್ಬರ ಬದುಕು ಅಲ್ಲಿಗೆ ಮುಗಿಯಿತು. ಇನ್ನೊಬ್ಬರದು ಮುಂದೆ ಅರವತ್ತು ವರ್ಷಗಳ ಕಲಾಜೀವನವಾಗಿ ಬೆಳೆಯಿತು.

ಮೊದಲ ಗೆಲುವು ನಟಿಯೊಬ್ಬಳನ್ನು ಕಟ್ಟಿಹಾಕುವುದೂ ಉಂಟು. ಹಳ್ಳಿಯ ಮುಗ್ಧ ಹುಡುಗಿ ಎಂಬ ಅಚ್ಚು ತೊರೋಚಿಕ್ ಅವರ ಬೆನ್ನಿಗೆ ಬಿದ್ದಿತ್ತು. ಅದನ್ನು ಒಳಗಿನಿಂದಲೇ ಮುರಿದ ಚಿತ್ರವೆಂದರೆ 1958ರ ‘ಏದೆಶ್ ಅನ್ನ’. ದೆಜೊ ಕೊಸ್ತೊಲಾನ್ಯಿಯ 1926ರ ಕಾದಂಬರಿ ಇದರ ಮೂಲ. ನಿರ್ದೇಶಕರು ಮತ್ತೆ ಫಾಬ್ರಿ. 1919ರಲ್ಲಿ ಬೇಲಾ ಕುನ್‌ನ ಅಲ್ಪಾಯುಷಿ ಸರಕಾರ ಬಿದ್ದ ಮೇಲೆ ಬುಡಾಪೆಸ್ಟಿನ ಅಧಿಕಾರಿಯೊಬ್ಬನ ಮನೆಗೆ ಕೆಲಸಕ್ಕೆ ಬರುವ ಅನ್ನ ಆದರ್ಶ ಆಳು: ತುಟಿ ಬಿಚ್ಚುವುದಿಲ್ಲ, ದಣಿಯುವುದಿಲ್ಲ, ಕೇಳುವುದಿಲ್ಲ. ಮನೆಯ ಬಂಧುವಾದ ಯುವಕನು ಅವಳನ್ನು ಬಳಸಿಕೊಂಡು ಕೈಬಿಡುತ್ತಾನೆ. ಒಂದು ರಾತ್ರಿ, ಔತಣ ಮುಗಿದ ಮೇಲೆ, ಅವಳು ಒಡೆಯ ಒಡತಿಯರಿಬ್ಬರನ್ನೂ ಕೊಲ್ಲುತ್ತಾಳೆ. ಏಕೆ ಕೊಂದೆ ಎಂದರೆ ಉತ್ತರವಿಲ್ಲ. ಕಾದಂಬರಿಕಾರನಿಗೆ ಈ ಮೌನವನ್ನು ವಿವರಿಸಲು ವಾಕ್ಯಗಳಿವೆ. ನಟಿಗೆ ಇರುವುದು ಕೈ, ಬೆನ್ನು, ಕಣ್ಣು ಮಾತ್ರ. ತೊರೋಚಿಕ್ ಅವರ ಅನ್ನ ತಟ್ಟೆ ಹಿಡಿದು ನಿಲ್ಲುವ ರೀತಿಯಲ್ಲೇ ಆಜ್ಞೆಗೆ ಒಗ್ಗಿಹೋದ ದೇಹವೊಂದರ ಇತಿಹಾಸವಿದೆ.

1958ರಲ್ಲಿ ವ್ಯಾಸಂಗ ಮುಗಿಸಿದ ತೊರೋಚಿಕ್ ಬುಡಾಪೆಸ್ಟಿನ ರಾಷ್ಟ್ರೀಯ ರಂಗಮಂದಿರದ ಮಂಡಳಿಯನ್ನು ಸೇರಿ 1979ರವರೆಗೂ ಅಲ್ಲಿಯೇ ಇದ್ದರು. ಚಿತ್ರಗಳ ಮೂಲಕ ಮಾತ್ರ ಅವರನ್ನು ಬಲ್ಲ ಹೊರಗಿನವರು ಮರೆಯುವ ಸಂಗತಿಯಿದು: ಅವರು ಮೊದಲಿಗೆ ರಂಗನಟಿ. ಹಂಗೇರಿಯಲ್ಲಿ ರಂಗಭೂಮಿಯೆಂದರೆ ಸಂಜೆಯ ವಿನೋದವಷ್ಟೇ ಅಲ್ಲ. ಏಕೆಂಬುದನ್ನು ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಹಂಗೇರಿಯ ಪಟ್ಟಣಗಳ ಮಾತು ಬಹುಮಟ್ಟಿಗೆ ಜರ್ಮನ್, ಶಾಸನಸಭೆ ಮತ್ತು ವಿದ್ಯೆಯ ಮಾತು ಲ್ಯಾಟಿನ್. 1784ರಲ್ಲಿ ಎರಡನೆಯ ಜೋಸೆಫ್ ಚಕ್ರವರ್ತಿ ಜರ್ಮನ್ನನ್ನೇ ಆಡಳಿತಭಾಷೆಯಾಗಿ ಹೇರಿದಾಗ ಎದ್ದ ಪ್ರತಿಭಟನೆಯೇ ಹಂಗೇರಿಯನ್ ನುಡಿಯ ನವೋದಯಕ್ಕೆ ಒಂದು ಪ್ರೇರಣೆಯಾಯಿತು. 1790ರಲ್ಲಿ ಮೊದಲ ಹಂಗೇರಿಯನ್ ವೃತ್ತಿನಾಟಕ ಮಂಡಳಿ ಹುಟ್ಟಿಕೊಂಡಿತು. ಪೆಸ್ಟ್ ನಗರದಲ್ಲಿ ಜರ್ಮನ್ ನಾಟಕಗಳಿಗೆ 1812ರಲ್ಲಿಯೇ ಭವ್ಯವಾದ ಮಂದಿರ ಎದ್ದಿತು. ಹಂಗೇರಿಯನ್ ನಾಟಕಕ್ಕೆ ಅಲ್ಲಿ ಸ್ವಂತ ಸ್ಥಿರಮಂದಿರ ದೊರೆತದ್ದು 1837ರಲ್ಲಿ. ಅಲ್ಲಿಯವರೆಗೂ ಹಂಗೇರಿಯನ್ ನಟರು ಬಂಡಿಗಳಲ್ಲಿ ಊರಿಂದೂರಿಗೆ ತಿರುಗಿದರು. 1844ರ ಕಾನೂನಿನಿಂದ ಹಂಗೇರಿಯನ್ ರಾಜ್ಯಭಾಷೆಯಾಯಿತೆಂದು ಚರಿತ್ರೆಯ ಪುಸ್ತಕಗಳು ಬರೆಯುತ್ತವೆ. ಕಾನೂನು ಬರುವ ಎಷ್ಟೋ ಮೊದಲು ಆ ಭಾಷೆ ಸಾರ್ವಜನಿಕವಾಗಿ, ಗಟ್ಟಿಯಾದ ದನಿಯಲ್ಲಿ, ಬೆಳಕಿನ ಕೆಳಗೆ ಕೇಳಿಬಂದದ್ದು ಈ ಅಲೆಮಾರಿ ನಟರ ಬಾಯಲ್ಲಿ. ಆ ಅಲೆಮಾರಿಗಳಲ್ಲಿ ಹೆಸರಾದವಳು ಡೇರಿನೇ, ಎಂದರೆ ಡೇರಿಯ ಹೆಂಡತಿ.

ಆಕೆ 1793ರಲ್ಲಿ ಯಾಸ್‌ಬೆರೆನ್ಯಿಯಲ್ಲಿ ಶೆನ್‌ಬಾಕ್ ಎಂಬ ಜರ್ಮನ್ ಹೆಸರಿನ ಕುಟುಂಬದಲ್ಲಿ ಹುಟ್ಟಿದವಳು, ತಂದೆ ಔಷಧವ್ಯಾಪಾರಿ. 1810ರಲ್ಲಿ ಪೆಸ್ಟಿನ ಹಂಗೇರಿಯನ್ ಮಂಡಳಿಯನ್ನು ಸೇರಿದ ಮೇಲೆ ಆ ಹೆಸರು ‘ಸೇಪ್‌ಪತಕಿ’ ಆಯಿತು. ‘ಚೆಲುವಾದ ಹೊಳೆ’ ಎಂಬ ಜರ್ಮನ್ ಅರ್ಥವನ್ನೇ ಹಂಗೇರಿಯನ್ನಿಗೆ ತಿರುಗಿಸಿದ್ದು. ನಟ ಇಶ್ತ್ವಾನ್ ಡೇರಿಯೊಡನೆ ಆದ ಮದುವೆ ಬಹುಕಾಲ ನಿಲ್ಲದೆ ಇಬ್ಬರೂ ಬೇರೆಯಾದರು; ಹೆಸರು ಮಾತ್ರ ನಿಂತಿತು. ಮಿಶ್ಕೊಲ್ಚ್, ಕೊಲೊಜ್ವಾರ್, ಕಶ್ಯ ಮುಂತಾದ ಊರುಗಳಲ್ಲಿ ಆಕೆ ನಟಿಸಿದಳು, ಹಾಡಿದಳು. ಹಂಗೇರಿಯನ್ ಭಾಷೆಯಲ್ಲಿ ಸಂಗೀತನಾಟಕವನ್ನು ಹಾಡಬಹುದು ಎಂಬುದನ್ನು ಜನರಿಗೆ ತೋರಿಸಿಕೊಟ್ಟವಳು ಆಕೆಯೇ. ಪೆಸ್ಟಿನಲ್ಲಿ ಕೊನೆಗೂ ಸ್ಥಿರಮಂದಿರ ತೆರೆದಾಗ ಆಕೆಯ ಹಾಡುಗಾರಿಕೆ ಹಳೆಯದೆನಿಸಿತ್ತು. ಯಾವ ಮಂದಿರಕ್ಕಾಗಿ ಯೌವನವನ್ನೆಲ್ಲ ಬಂಡಿಯಲ್ಲಿ ಕಳೆದಳೋ ಆ ಮಂದಿರದಲ್ಲಿ ಆಕೆಗೆ ಹೆಚ್ಚು ಕಾಲ ನೆಲೆ ಸಿಗಲಿಲ್ಲ. ರಂಗದಿಂದ ನಿವೃತ್ತಳಾಗಿ ಗಂಡನ ಮನೆಗೆ ಮರಳಿ, ವೃದ್ಧಾಪ್ಯದಲ್ಲಿ ತನ್ನ ನೆನಪುಗಳನ್ನು ಬರೆದಿಟ್ಟು, 1872ರಲ್ಲಿ ಮಿಶ್ಕೊಲ್ಚ್‌ನಲ್ಲಿ ತೀರಿಕೊಂಡಳು.

ಇಲ್ಲಿ ಇನ್ನೊಂದು ವಿಷಯವನ್ನು ಗಮನಿಸಬೇಕು. ಡೇರಿನೇ ನಟಿಸಿದ ಕೊಲೊಜ್ವಾರ್ ಇಂದು ರುಮೇನಿಯದ ಕ್ಲುಜ್. ಕಶ್ಯ ಇಂದು ಸ್ಲೊವಾಕಿಯದ ಕೊಶಿತ್ಸೆ. ಹಂಗೇರಿಯ ರಾಷ್ಟ್ರೀಯ ನಾಟಕವೆನಿಸಿದ ಕತೋನ ಯೋಜೆಫ್‌ನ ‘ಬಾಂಕ್ ಬಾನ್’ ಮೊದಲು ರಂಗಕ್ಕೇರಿದ್ದು 1833ರಲ್ಲಿ, ಆ ಕಶ್ಯದಲ್ಲಿಯೇ. 1920ರ ತ್ರಿಯಾನೋಂ ಒಪ್ಪಂದದ ಮೇಲೆ ಹಂಗೇರಿ ತನ್ನ ನೆಲದ ಸುಮಾರು ಮೂರನೆಯ ಎರಡು ಭಾಗವನ್ನು ಕಳೆದುಕೊಂಡಿತು. ಲಕ್ಷಾಂತರ ಹಂಗೇರಿಯನ್ ಭಾಷಿಕರು ಮನೆ ಬಿಟ್ಟು ಕದಲದೆಯೇ ಹೊರನಾಡಿಗರಾದರು. 1792ರಷ್ಟು ಹಿಂದೆ ಕೊಲೊಜ್ವಾರಿನಲ್ಲಿ ಆರಂಭವಾದ ಹಂಗೇರಿಯನ್ ರಂಗಭೂಮಿ ರುಮೇನಿಯದ ಆಡಳಿತದಲ್ಲಿಯೂ ಆ ಭಾಷೆಯಲ್ಲೇ ಮುಂದುವರಿಯಿತು. ನಾಡಿನ ಗಡಿಯೂ ನುಡಿಯ ಗಡಿಯೂ ಒಂದಾಗಿರದ ಸ್ಥಿತಿಯಲ್ಲಿ ರಂಗದ ಮೇಲಿನ ಮಾತಿಗೆ ಬರುವ ಹೊಣೆ ಎಂಥದೆಂಬುದನ್ನು ಮುಂಬಯಿ, ಚೆನ್ನೈ, ಹೈದರಾಬಾದುಗಳಲ್ಲಿ ಕನ್ನಡ ನಾಟಕ ನೋಡಿದವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ತೊರೋಚಿಕ್ ಸೇರಿದ ಸಂಸ್ಥೆ ಆ 1837ರ ಮಂದಿರದ ವಾರಸುದಾರ. ಅವರು ಸೇರಿದ ಆರನೆಯ ವರ್ಷಕ್ಕೇ, 1964ರ ಜೂನಿನಲ್ಲಿ, ಬ್ಲಾಹ ಲುಯಿಜ ಚೌಕದಲ್ಲಿದ್ದ ಅದರ ಕಟ್ಟಡದಲ್ಲಿ ಕೊನೆಯ ಪ್ರದರ್ಶನ ನಡೆಯಿತು. ನಾಟಕ ‘ಕಿಂಗ್ ಲಿಯರ್’. ಭೂಗತ ರೈಲಿನ ಕಾಮಗಾರಿಯ ಕಾರಣವೊಡ್ಡಿ 1965ರಲ್ಲಿ ಆ ಕಟ್ಟಡವನ್ನು ಸಿಡಿಮದ್ದಿಟ್ಟು ಉರುಳಿಸಲಾಯಿತು. ಮಂಡಳಿ ತಾತ್ಕಾಲಿಕವೆಂದು ಬೇರೆ ಮಂದಿರಕ್ಕೆ ಹೋಯಿತು. ಆ ತಾತ್ಕಾಲಿಕ ಅವಧಿ ಮೂವತ್ತೇಳು ವರ್ಷ ನಡೆದು, ಡಾನ್ಯೂಬ್ ದಡದ ಹೊಸ ಕಟ್ಟಡ ತೆರೆದದ್ದು 2002ರ ಮಾರ್ಚ್ 15ರಂದು. ಬಂಡಿಯಿಂದಿಳಿದ ರಂಗಭೂಮಿ ಮತ್ತೆ ಬಾಡಿಗೆಮನೆಯಲ್ಲಿದ್ದ ಆ ಕಾಲದಲ್ಲಿಯೇ ತೊರೋಚಿಕ್ ಅವರ ಕಲೆ ಪಕ್ವವಾಯಿತು.

1971ರ ‘ಸೆರೆಲೆಮ್’, ಎಂದರೆ ‘ಪ್ರೀತಿ’, ಅವರ ಚಿತ್ರಗಳಲ್ಲಿ ಶ್ರೇಷ್ಠವಾದುದೆಂದರೆ ತಪ್ಪಾಗಲಾರದು. ನಿರ್ದೇಶಕರು ಕಾರೊಯ್ ಮಕ್ಕ್. ಆಧಾರ ಟಿಬೋರ್ ಡೇರಿಯ ಎರಡು ಸಣ್ಣಕಥೆಗಳು. 1956ರ ದಂಗೆಯ ತರುವಾಯ ಒಂಬತ್ತು ವರ್ಷಗಳ ಶಿಕ್ಷೆಗೆ ಗುರಿಯಾಗಿ 1960ರಲ್ಲಿ ಬಿಡುಗಡೆಯಾದ ಲೇಖಕನೀತ. ಕಥೆ ನಡೆಯುವುದು 1953ರಲ್ಲಿ. ಹಾಸಿಗೆ ಹಿಡಿದ ಮುದುಕಿ ಅತ್ತೆಗೆ ತನ್ನ ಮಗ ಅಮೆರಿಕದಲ್ಲಿ ದೊಡ್ಡ ಚಲನಚಿತ್ರ ತೆಗೆಯುತ್ತಿದ್ದಾನೆಂಬ ನಂಬಿಕೆ. ಮಗ ಇರುವುದು ರಾಜಕೀಯ ಕೈದಿಯಾಗಿ ಸೆರೆಮನೆಯಲ್ಲಿ. ಸೊಸೆ ಲೂತ್ಸ ಅವನ ಹೆಸರಿನಲ್ಲಿ ತಾನೇ ಕಾಗದ ಬರೆದು ತಂದು ಓದಲು ಕೊಡುತ್ತಾಳೆ. ಗಂಡ ಬದುಕಿದ್ದಾನೋ ಇಲ್ಲವೋ ಅವಳಿಗೇ ಗೊತ್ತಿಲ್ಲ. ಅತ್ತೆಗೆ ನಿಜ ಎಷ್ಟು ಗೊತ್ತು ಎಂಬುದೂ ಕೊನೆಯವರೆಗೆ ಸ್ಪಷ್ಟವಾಗುವುದಿಲ್ಲ. ಇಬ್ಬರು ಹೆಂಗಸರ ನಡುವಿನ ಚುಚ್ಚುಮಾತು, ಅಸೂಯೆ, ಸಣ್ಣಪುಟ್ಟ ಜಂಬ, ಒಬ್ಬರಿಗೊಬ್ಬರು ಬಿಡದೆ ತೋರುವ ಅಕ್ಕರೆ – ಇಷ್ಟೇ ಚಿತ್ರದ ಬಹುಭಾಗ. ಸುಳ್ಳನ್ನು ಕಟ್ಟುವ ಸೊಸೆಯ ಪಾತ್ರದಲ್ಲಿ ತೊರೋಚಿಕ್ ಎಲ್ಲಿಯೂ ಕರುಣೆಯನ್ನು ಬೇಡುವುದಿಲ್ಲ. ಹೂವು ಹಿಡಿದು ಬಂದು, ಬಾಗಿಲಲ್ಲಿ ಒಂದು ಗಳಿಗೆ ನಿಂತು, ಮುಖವನ್ನು ಸರಿಪಡಿಸಿಕೊಂಡು ಒಳಗೆ ಹೋಗುವವಳ ದಣಿವು ನೋಡುವವನ ಎದೆಗೆ ತಾನಾಗಿ ಇಳಿಯುತ್ತದೆ.

ಅತ್ತೆಯಾಗಿ ನಟಿಸಿದ ಲಿಲಿ ದರ್ವಾಶ್ ಅವರ ಜೀವನವೇ ಒಂದು ಭಾಷಾಪ್ರವಾಸ. ಬುಡಾಪೆಸ್ಟಿನಲ್ಲಿ 1902ರಲ್ಲಿ ಹುಟ್ಟಿದ ಆಕೆ ನಾಟಕಕಾರ ಫೆರೆಂತ್ಸ್ ಮೊಲ್ನಾರನ ಪತ್ನಿ. ಜರ್ಮನ್ ಕಲಿತು ಮಾಕ್ಸ್ ರೈನ್‌ಹಾರ್ಟನ ಮಂಡಳಿಯಲ್ಲಿ ನಟಿಸಿದರು. 1938ರಲ್ಲಿ ಹಿಟ್ಲರನ ಸೇನೆ ಆಸ್ಟ್ರಿಯಕ್ಕೆ ನುಗ್ಗಿದ ಮೇಲೆ ಅಮೆರಿಕಕ್ಕೆ ಹೋಗಿ ಇಂಗ್ಲಿಷಿನಲ್ಲಿ ನಟಿಸಿದರು. ದಶಕಗಳ ಅನಂತರ ಹುಟ್ಟುನುಡಿಗೆ ಮರಳಿ ಬಂದು ಈ ಚಿತ್ರದಲ್ಲಿ ಅಮೆರಿಕದ ಕನಸು ಕಾಣುವ ತಾಯಿಯಾದರು. ಬಿಡುಗಡೆಯಾಗಿ ಬರುವ ಮಗನ ಪಾತ್ರ ವಹಿಸಿದ ಇವಾನ್ ದರ್ವಾಶ್ ಕೂಡ 1956ರ ಅನಂತರ ಸೆರೆಮನೆಯಲ್ಲಿದ್ದವರು. 1971ರ ಕಾನ್ ಉತ್ಸವದಲ್ಲಿ ಚಿತ್ರಕ್ಕೆ ತೀರ್ಪುಗಾರರ ಪುರಸ್ಕಾರವೂ ಇಬ್ಬರು ನಟಿಯರಿಗೆ ವಿಶೇಷ ಪ್ರಶಂಸೆಯೂ ದೊರೆತವು.

ಮಕ್ಕ್ ಅವರದು ಕೋಣೆಯೊಳಗಿನ ಕಲೆಯಾದರೆ ಮಿಕ್ಲೋಶ್ ಯಾಂಚೋ ಅವರದು ಬಯಲಿನದು. ಯಾಂಚೋ ಅವರ ‘ಸೆರೆಲ್ಮೆಮ್, ಎಲೆಕ್ತ್ರ’ (1974) ಗ್ರೀಕ್ ಪುರಾಣಕಥೆಯನ್ನು ಹಂಗೇರಿಯ ಹುಲ್ಲುಗಾವಲಿಗೆ ತರುತ್ತದೆ. ಸುಮಾರು ಎಪ್ಪತ್ತು ನಿಮಿಷಗಳ ಚಿತ್ರದಲ್ಲಿ ಇರುವುದು ಹನ್ನೆರಡು ದೀರ್ಘ ಚಿತ್ರಿಕೆಗಳು ಮಾತ್ರ. ಕುದುರೆಗಳು, ಕುಣಿಯುವ ನೂರಾರು ಜನ, ನಿಲ್ಲದೆ ಚಲಿಸುವ ಕ್ಯಾಮರಾ – ಈ ಗದ್ದಲದ ನಡುವೆ ಒಂದು ಹೆಜ್ಜೆ ತಪ್ಪಿದರೂ ಇಡೀ ಚಿತ್ರಿಕೆ ಕೆಟ್ಟಂತೆ. ಎಲೆಕ್ತ್ರಳಾದ ತೊರೋಚಿಕ್ ಅಲ್ಲಿ ನಡೆಯುತ್ತಲೇ ಮಾತಾಡುತ್ತಾರೆ, ಮಾತಾಡುತ್ತಲೇ ಹಟ ಹಿಡಿಯುತ್ತಾರೆ. ರಂಗದ ಉಸಿರಾಟದ ಶಿಸ್ತಿಲ್ಲದವರಿಂದ ಆಗುವ ಕೆಲಸವಲ್ಲ ಅದು. 1960–70ರ ದಶಕಗಳ ಭಾರತದ ಫಿಲ್ಮ್ ಸೊಸೈಟಿಗಳು ಪೂರ್ವ ಯುರೋಪಿನ ಚಿತ್ರಗಳನ್ನು ಆದರದಿಂದ ತೋರಿಸಿದವು. ಯಾಂಚೋ ಹೆಸರು ನಮ್ಮಲ್ಲಿ ಪರಿಚಿತವಾದದ್ದು ಆ ದಾರಿಯಿಂದ.

ಮಾರ್ ಜ್ಯೂಲ ನಿರ್ದೇಶಿಸಿದ ‘ಡೇರಿನೇ, ನೀನೆಲ್ಲಿ?’ ಎಂಬರ್ಥದ ಚಿತ್ರ ಬಂದದ್ದು 1975ರಲ್ಲಿ. ಮಾರ್ ಅವರು ತೊರೋಚಿಕ್ ಅವರ ಪತಿ. ಛಾಯಾಗ್ರಾಹಕರು ಲಯೋಶ್ ಕೊಲ್ತಯ್. ಸಂಚಾರಿ ನಟಿಯ ವೀರಗಾಥೆಯನ್ನು ನಿರೀಕ್ಷಿಸಿ ಹೋದವರಿಗೆ ಚಿತ್ರ ನಿರಾಶೆ ತಂದೀತು. ಅದು ಹಿಡಿದಿರುವುದು ಡೇರಿನೇಯ ಬದುಕಿನ ಇಳಿಹೊತ್ತನ್ನು: ಪಾತ್ರಗಳು ಕಿರಿಯರ ಪಾಲಾಗುತ್ತಿವೆ, ಅಭಿರುಚಿ ಬದಲಾಗುತ್ತಿದೆ, ಬಿಟ್ಟುಬಂದ ಗಂಡನ ಮನೆ ಒಂದು ಆಶ್ರಯದಂತೆಯೂ ಒಂದು ಸೋಲಿನಂತೆಯೂ ದೂರದಲ್ಲಿ ಕಾಣುತ್ತಿದೆ. ಹೋಗಲೇ, ಉಳಿಯಲೇ ಎಂಬ ಪ್ರಶ್ನೆಯ ಸುತ್ತ ಚಿತ್ರ ನಿಧಾನವಾಗಿ, ಕೆಲವೆಡೆ ಅತಿ ನಿಧಾನವಾಗಿ, ಚಲಿಸುತ್ತದೆ. ಆಗ ನಾಲ್ವತ್ತರ ಅಂಚಿನಲ್ಲಿದ್ದ ತೊರೋಚಿಕ್ ಅವರಿಗೆ ಈ ಪ್ರಶ್ನೆ ಪರರದಾಗಿರಲಿಲ್ಲವೆಂದು ಊಹಿಸಬಹುದು. ಬಣ್ಣ ಬಳಿದ ಮುಖದ ಕೆಳಗಿನ ಮುಖವನ್ನೂ, ಅದರ ಕೆಳಗಿನ ಇನ್ನೊಂದನ್ನೂ ಅವರು ತೋರಿಸುತ್ತಾರೆ. ನಟಿಯೊಬ್ಬಳು ನಟಿಯ ಪಾತ್ರ ವಹಿಸಿದಾಗ ಬರುವ ಆತ್ಮಮರುಕ ಇಲ್ಲಿ ಇಲ್ಲ. ಬದಲಿಗೆ ಒಂದು ಬಗೆಯ ಒಣ ಹಾಸ್ಯವಿದೆ.

1976ರ ಕಾನ್ ಉತ್ಸವದಲ್ಲಿ ಈ ಪಾತ್ರಕ್ಕಾಗಿ ಅವರಿಗೆ ಅತ್ಯುತ್ತಮ ನಟಿ ಪ್ರಶಸ್ತಿ ಬಂದಿತು. ಫ್ರಾನ್ಸಿನ ದೊಮಿನಿಕ್ ಸಾಂದಾ ಅವರೊಡನೆ ಹಂಚಿಕೊಂಡ ಪ್ರಶಸ್ತಿ. ತೀರ್ಪುಗಾರರ ಅಧ್ಯಕ್ಷರು ನಾಟಕಕಾರ ಟೆನೆಸ್ಸಿ ವಿಲಿಯಮ್ಸ್. ಜರ್ಮನ್ ಪಟ್ಟಣಗಳ ನಡುವೆ ಹಂಗೇರಿಯನ್ನಿಗೆ ಕಿವಿಗಳನ್ನು ಹುಡುಕುತ್ತ ತಿರುಗಿದ ನಟಿಯ ಪಾತ್ರದ ಮೂಲಕ ಹಂಗೇರಿಯನ್ ಮಾತು ಆ ಮನ್ನಣೆ ಪಡೆಯಿತೆಂಬುದು ಸ್ವಾರಸ್ಯಕರ.

ತಾಯ್ನಾಡಿನ ಗೌರವಗಳಿಗೂ ಕೊರತೆಯಿರಲಿಲ್ಲ. ಅತ್ಯುನ್ನತವಾದ ಕೊಶೂತ್ ಪ್ರಶಸ್ತಿ 1973ರಲ್ಲಿ ಒಮ್ಮೆ, 1999ರಲ್ಲಿ ಮತ್ತೊಮ್ಮೆ ಬಂದಿತು. ಹಿರಿಯ ರಂಗಕಲಾವಿದರಲ್ಲಿ ಹನ್ನೆರಡು ಮಂದಿಗೆ ಮಾತ್ರ ಸಲ್ಲುವ ‘ರಾಷ್ಟ್ರದ ನಟ’ ಎಂಬ ಬಿರುದು 2000ದಲ್ಲಿ ಸ್ಥಾಪನೆಯಾದಾಗ ಮೊದಲ ಹನ್ನೆರಡರಲ್ಲಿ ಅವರೂ ಒಬ್ಬರು. ಆದರೆ ಈ ಗೌರವಗಳ ನಡುವಿನ ದಾರಿ ನೇರವಾಗಿರಲಿಲ್ಲ. 1979ರಲ್ಲಿ ರಾಷ್ಟ್ರೀಯ ರಂಗಮಂದಿರವನ್ನು ಬಿಟ್ಟು ಗ್ಯೋರ್ ಪಟ್ಟಣಕ್ಕೆ ಹೋದರು; ಎಂಬತ್ತರ ದಶಕದಲ್ಲಿ ಸರಕಾರಿ ಚಲನಚಿತ್ರ ಸಂಸ್ಥೆಯಲ್ಲಿದ್ದರು; 1990ರಲ್ಲಿ ಸೊಲ್ನೊಕ್‌ನ ರಂಗಮಂದಿರ; 1993ರಿಂದ ಬುಡಾಪೆಸ್ಟಿನ ‘ಮ್ಯೂವೇಸ್’ ರಂಗಮಂದಿರದ ಕಲಾನಾಯಕತ್ವ. ಹಳೆಯ ವ್ಯವಸ್ಥೆ 1989ರಲ್ಲಿ ಕುಸಿದ ಮೇಲೆ ರಂಗಭೂಮಿಗೆ ಹೊಸ ಸ್ವಾತಂತ್ರ್ಯ ಬಂದಂತೆ ಹೊಸ ಹಣದ ಮುಗ್ಗಟ್ಟೂ ಬಂದಿತ್ತು. ಆ ಪ್ರಯೋಗ ಬಹುಕಾಲ ಬಾಳಲಿಲ್ಲ. ಬಾಳಿದಷ್ಟು ಕಾಲದಲ್ಲಿ ರಶ್ಯದ ನಿರ್ದೇಶಕ ಅನತೋಲಿ ವಸಿಲ್ಯೆವ್ 1994ರಲ್ಲಿ ಅಲ್ಲಿ ದೊಸ್ತಯೆವ್‌ಸ್ಕಿಯ ‘ಮಾವನ ಕನಸು’ ಕಥೆಯನ್ನು ರಂಗಕ್ಕೆ ತಂದರು. ಮಗಳನ್ನು ಮುದಿ ರಾಜಕುಮಾರನಿಗೆ ಕಟ್ಟಲು ಹೊಂಚುವ ಸಣ್ಣೂರಿನ ಗೃಹಿಣಿಯಾಗಿ ತೊರೋಚಿಕ್ ನಟಿಸಿದರು. ಮೊದಲ ಚಿತ್ರದಲ್ಲಿ ತಂದೆಯ ಲೆಕ್ಕಾಚಾರಕ್ಕೆ ಬಲಿಯಾಗಬೇಕಿದ್ದ ಮಗಳಾಗಿದ್ದವರು ಇಲ್ಲಿ ಅಂಥದೇ ಲೆಕ್ಕ ಹಾಕುವ ತಾಯಿ.

ಕೋಸ್ತಾ ಗಾವ್ರಾಸ್ ಅವರ ಇಂಗ್ಲಿಷ್ ಚಿತ್ರ ‘ಮ್ಯೂಸಿಕ್ ಬಾಕ್ಸ್’ (1989) ಅವರನ್ನು ಮತ್ತೆ ಹೊರಗಿನವರಿಗೆ ಪರಿಚಯಿಸಿತು. ಚಿಕಾಗೋದ ವಕೀಲೆ, ಯುದ್ಧಾಪರಾಧದ ಆರೋಪ ಹೊತ್ತ ತನ್ನ ತಂದೆಯ ಪರ ವಾದಿಸಲು ಬುಡಾಪೆಸ್ಟಿಗೆ ಬರುತ್ತಾಳೆ. ಅಲ್ಲಿ ಭೇಟಿಯಾದ ಹೆಂಗಸು ಕೊಡುವ ಗಿರವಿ ಅಂಗಡಿಯ ಚೀಟಿಯೇ ಕೊನೆಗೆ ನಿಜವನ್ನು ಬಯಲಿಗೆ ತರುತ್ತದೆ. ಆ ಹೆಂಗಸಾಗಿ ತೊರೋಚಿಕ್ ತೆರೆಯ ಮೇಲಿರುವುದು ಕೆಲವೇ ನಿಮಿಷ. ಚೀಟಿ ಕೊಡುವವಳಿಗೆ ಒಳಗೆ ಏನಿದೆಯೆಂದು ತಿಳಿದಿದೆ ಎಂಬುದು ಪ್ರೇಕ್ಷಕನಿಗೆ ಹೊಳೆಯುವುದು ಚಿತ್ರ ಮುಗಿದ ಮೇಲೆ.

2008ರಲ್ಲಿ ತೀವ್ರವಾದ ಅನಾರೋಗ್ಯಕ್ಕೆ ತುತ್ತಾಗಿ ದೀರ್ಘಕಾಲ ಪ್ರಜ್ಞಾಹೀನರಾಗಿದ್ದರು. ಅಲ್ಲಿಂದ ಮರಳಿ ಮತ್ತೆ ನಟಿಸಿದರು. ಪತಿ ಮಾರ್ 2013ರ ಡಿಸೆಂಬರಿನಲ್ಲಿ ತೀರಿಕೊಂಡರು. ಮಾರ್ತಾ ಮೇಸಾರೋಶ್ ನಿರ್ದೇಶನದ 2017ರ ‘ಎಸಕಿ ಫೇನ್ಯ್’ ಚಿತ್ರದಲ್ಲಿ, ಎಂಬತ್ತು ದಾಟಿದ ಮೇಲೆ, ಅವರು ವಹಿಸಿದ ಪಾತ್ರವೂ ಇದಕ್ಕೆ ದೂರವಲ್ಲ: ಅಂಚೆಯಲ್ಲಿ ಬಂದ ಕಾಗದವೊಂದನ್ನು ಕಂಡು ಪ್ರಜ್ಞೆ ತಪ್ಪುವ ವೃದ್ಧೆ, ಐವತ್ತರ ದಶಕದಲ್ಲಿ ಆಸ್ಟ್ರಿಯದ ಗಡಿ ದಾಟಿದಾಗಿನ ತನ್ನ ಗುಟ್ಟನ್ನು ಜೀವಮಾನವಿಡೀ ಮಗಳಿಂದ ಮುಚ್ಚಿಟ್ಟವಳು. ಆ ಗಡಿಗೆ ಸಮೀಪವಾದ ವೆಲೆಮ್ ಎಂಬ ಗುಡ್ಡದ ಹಳ್ಳಿಯಲ್ಲಿಯೇ ತೊರೋಚಿಕ್ ಅವರ ಮನೆಯಿತ್ತು. 2021ರ ಏಪ್ರಿಲ್ 16ರಂದು, ತಮ್ಮ 85ನೆಯ ವಯಸ್ಸಿನಲ್ಲಿ, ಅವರು ಅಲ್ಲಿ ನಿಧನರಾದರು.